ಕೊನೆಯ ಕಂತಿನ ಧೂಳು

ನಮ್ಮ ಊರಿನಲ್ಲಿ ಟಿವಿಯನ್ನು ಹಜಾರದಲ್ಲಿ ಇಡುವುದಿಲ್ಲ, ಬಚ್ಚಲಿನ ಪಕ್ಕದ ಕೋಣೆಯಲ್ಲಿ ಇಡುತ್ತೇವೆ. ಅದರ ಕೆಳಗೆ ಇಳಿಜಾರಾಗಿ ಹಾಸಿದ ಚಪ್ಪಡಿ, ಚಪ್ಪಡಿಯ ತುದಿಗೆ ಮೋರಿ, ಮೋರಿಯಿಂದ ಇಡೀ ಬೀದಿಗೆ ಸೇರಿದ ನೆಲದಡಿಯ ನೀರಿನ ಸಂಪಿಗೆ ಒಂದು ಕೊಳವೆ. ಪರದೆಯ ಮೇಲೆ ಏನು ಓಡುತ್ತದೋ ಅದರಲ್ಲಿ ಒಂದಿಷ್ಟು ಕೋಣೆಯೊಳಕ್ಕೆ ಬೀಳುತ್ತದೆ. ಕ್ರಿಕೆಟ್ ಹಾಕಿದರೆ ಹುಲ್ಲಿನ ಚೂರು, ಮದುವೆಯ ಧಾರಾವಾಹಿ ಹಾಕಿದರೆ ಅಕ್ಷತೆ ಮತ್ತು ಬಾಡಿದ ಮಲ್ಲಿಗೆ, ವಾರ್ತೆ ಹಾಕಿದರೆ ಸಾಮಾನ್ಯವಾಗಿ ಏನೂ ಇಲ್ಲ. ಮಳೆಯ ಹಾಡು ಹಾಕಿದರೆ ನೀರು.

ಊರ ಬಾವಿಗಳಲ್ಲಿ ವರ್ಷದ ಅರ್ಧ ಭಾಗ ಮಾತ್ರ ನೀರಿರುತ್ತದೆ. ಉಳಿದ ಅರ್ಧ ನಾವು ಮಳೆಯ ಹಾಡುಗಳನ್ನು ನಂಬಿ ಬದುಕುತ್ತೇವೆ. ಹೆಂಗಸರಿಗೆ ಇದರ ತರತಮ ಚೆನ್ನಾಗಿ ಗೊತ್ತು. ಹಾಡಿನ ಮಳೆ ಟ್ಯಾಂಕರಿನಿಂದ ಸುರಿಸಿದ್ದು, ನಾಯಕಿಯ ಸೀರೆಯ ಬಣ್ಣವೂ ಒಮ್ಮೊಮ್ಮೆ ಬಿಟ್ಟಿರುತ್ತದೆ, ಆ ನೀರು ಬಟ್ಟೆಗೆ ಮತ್ತು ಪಾತ್ರೆಗೆ. ನಿಜವಾದ ಮಳೆಗಾಲವನ್ನು ಚಿತ್ರಿಸಿದ ಸಾಕ್ಷ್ಯಚಿತ್ರವನ್ನು ಬೇರೆ ದಿನ ಹಾಕುತ್ತೇವೆ, ಅದರ ನೀರು ಅಡುಗೆಗೆ. ಬೇರೆ ಊರುಗಳಲ್ಲಿ ಟಿವಿಯಿಂದ ಏನೂ ಬೀಳುವುದಿಲ್ಲವಂತೆ. ಹಾಗಿದ್ದೂ ಜನ ಅದರ ಮುಂದೆ ಕೂರುತ್ತಾರೆ ಎಂದು ಕೇಳಿದಾಗ ನಮ್ಮವರಿಗೆ ಅದು ವಿಚಿತ್ರವಾಗಿ ಕಾಣುತ್ತದೆ.

ನನ್ನ ಅಕ್ಕ ಅಂಬುಜಾಕ್ಷಿ ಮೇಲಿನ ಬೀದಿಯಲ್ಲಿ, ಮನೆಯ ಮುಂಭಾಗದಲ್ಲೇ ವಿಡಿಯೊ ಲೈಬ್ರರಿ ಇಟ್ಟುಕೊಂಡಿದ್ದಾಳೆ. ಊರಿಗೆಲ್ಲ ಅವಳು ಅಂಬಕ್ಕ. ಊರಿನ ಅರ್ಧಕ್ಕರ್ಧ ಮಳೆಯ ಕ್ಯಾಸೆಟ್ಟುಗಳು ಹೋಗುವುದು ಅವಳ ಅಂಗಡಿಯಿಂದಲೇ. ಆದರೆ ಅಂಗಡಿಯ ಹಿಂದಿನ ಗೋಡೆಗೆ ಹಾಕಿರುವ ಗಾಜಿನ ಬೀರುವಿನಲ್ಲಿ ಮಳೆಯ ಕ್ಯಾಸೆಟ್ ಒಂದೂ ಇಲ್ಲ. ಅಲ್ಲಿರುವುದು ಪೂರ್ತಿ ‘ಮೂರು ಕುದುರೆಯ ಊರು’.

ನಾವಿಬ್ಬರೂ ಶಾಲೆಗೆ ಹೋಗುತ್ತಿದ್ದಾಗ ಊರಿಗೆ ಬರುತ್ತಿದ್ದುದು ಒಂದೇ ಚಾನೆಲ್. ಪ್ರತಿ ಭಾನುವಾರ ಬೆಳಿಗ್ಗೆ ಆ ಅಮೆರಿಕದ ಸೀರಿಯಲ್ ಬರುತ್ತಿತ್ತು. ಮರದ ಮನೆಗಳ ಒಂದು ಬೀದಿ, ಸುತ್ತ ಬಯಲು, ಆ ಊರು ಕಾಯುವ, ಸ್ವಲ್ಪ ಕುಂಟುವ ಒಬ್ಬ ಮಾರ್ಷಲ್. ಅವನ ಹೆಸರು ಡೆನ್ಬಿ. ಪ್ರತಿ ವಾರ ಯಾರೋ ಒಬ್ಬ ಸಾರೋಟಿನಿಂದ ಇಳಿಯುತ್ತಿದ್ದ, ಅವನ ಹಿಂದೆಯೇ ತೊಂದರೆಯೂ ಇಳಿಯುತ್ತಿತ್ತು. ಮಾತೆಲ್ಲ ಇಂಗ್ಲಿಷಿನಲ್ಲಿ. ಅರ್ಥವಾಗದ ಕಡೆ ನಮ್ಮವರೇ ಮಾತು ಕಟ್ಟಿಕೊಂಡರು. ಪಕ್ಕದ ಮನೆಯ ಹಾಲಮ್ಮ ಹೇಳುತ್ತಿದ್ದ ಡೆನ್ಬಿಯ ಸಂಭಾಷಣೆ ಅಸಲಿಗಿಂತ ಖಾರವಾಗಿತ್ತು ಎಂದು ಇಂಗ್ಲಿಷ್ ಕಲಿತ ಮೇಲೆ ನನಗೆ ಗೊತ್ತಾಯಿತು.

ಕಂತು ಮುಗಿದ ಮೇಲೆ ಚಪ್ಪಡಿಯ ಮೇಲೆ ಧೂಳು ಬಿದ್ದಿರುತ್ತಿತ್ತು. ಮೊದಲ ವರ್ಷಗಳ ಕಂತುಗಳು ಕಪ್ಪು ಬಿಳುಪಿನವು, ಆ ಧೂಳು ಬೂದು ಬಣ್ಣದ್ದು. ಬಣ್ಣ ಬಂದ ಮೇಲಿನದು ಕಂದು. ಧೂಳಿನ ನಡುವೆ ಅಪರೂಪಕ್ಕೆ ಏನಾದರೂ ಸಿಗುತ್ತಿತ್ತು: ಅಂಗಿಯ ಒಂದು ಗುಂಡಿ, ಖಾಲಿ ತೋಟಾ, ಇಸ್ಪೀಟಿನ ಹರಿದ ಎಲೆ, ಒಂದು ಹಿಡಿ ಒಣಹುಲ್ಲು. ಬೇರೆ ಮನೆಗಳಲ್ಲಿ ಅದನ್ನೆಲ್ಲ ಗುಡಿಸಿ ತಿಪ್ಪೆಗೆ ಹಾಕುತ್ತಿದ್ದರು. ಅಂಬಕ್ಕ ಟಿವಿಯ ಕೆಳಗೆ ಹಳೆಯ ದುಪ್ಪಟಿ ಹಾಸಿ, ಧೂಳನ್ನು ಜರಡಿ ಹಿಡಿದು, ಸಿಕ್ಕಿದ್ದನ್ನೆಲ್ಲ ತೊಳೆದು ಎತ್ತಿಡುತ್ತಿದ್ದಳು. ಇವತ್ತಿಗೂ ಹಾಗೆಯೇ. ಬೀರುವಿನಲ್ಲಿ ಮಾರ್ಷಲ್ ಎದೆಗೆ ಸಿಕ್ಕಿಸಿಕೊಳ್ಳುವ ಬೂದು ಬಣ್ಣದ ತವರದ ನಕ್ಷತ್ರವಿದೆ, ಕುದುರೆ ಲಾಳದ ಮೊಳೆಗಳಿವೆ, ಅಂಚು ಸುಟ್ಟ ಟೊಪ್ಪಿಯ ಪಟ್ಟಿಯಿದೆ. “ಊರ ಧೂಳು ಸಾಲ್ದೂಂತ ಅಮೆರಿಕದ ಧೂಳು ಬೇರೆ ಸಾಕ್ತಾಳೆ” ಎಂದು ಬೀದಿಯವರು ಆಡಿಕೊಳ್ಳುತ್ತಿದ್ದರು. “ನಿಮ್ಮನೇದು ಬರೀ ಧೂಳು, ನನ್ನದರಲ್ಲಿ ಕಥೆ ಇದೆ” ಎನ್ನುತ್ತಿದ್ದಳು ಅಂಬಕ್ಕ.

ಒಂದೇ ಸೀರಿಯಲ್ಲನ್ನು ಇಷ್ಟೊಂದು ಸಲ ಯಾಕೆ ಕೊಳ್ಳಬೇಕು ಎಂದು ನಾನೂ ಕೇಳಿದ್ದೆ. ಅವಳು ಕ್ಯಾಸೆಟ್ ಹಾಕಿ ತೋರಿಸಿದಳು. ಟಿವಿಯಿಂದ ನೇರ ರೆಕಾರ್ಡ್ ಮಾಡಿದ ಕ್ಯಾಸೆಟ್ಟಿನಲ್ಲಿ ಜಾಹೀರಾತೂ ಸೇರಿರುತ್ತದೆ, ಧೂಳಿನ ಜೊತೆ ಸೋಪಿನ ಪುಡಿ ಬೀಳುತ್ತದೆ. ಕಂಪನಿಯವರು ಮೊದಲು ಹೊರತಂದ ಕ್ಯಾಸೆಟ್ಟುಗಳಲ್ಲಿ ದೃಶ್ಯಗಳನ್ನು ಕತ್ತರಿಸಿದ್ದಾರೆ, ಅರ್ಧ ತೋಟಾ ಬೀಳುತ್ತದೆ. ನಕಲಿನ ನಕಲು ಹಾಕಿದರೆ ತೂತಿಲ್ಲದ ಗುಂಡಿ. ಆಮೇಲೆ ಬಂದ, ಚೊಕ್ಕಟ ಮಾಡಿದ ಡಿಸ್ಕುಗಳ ಧೂಳು ಮೈದಾಹಿಟ್ಟಿನಷ್ಟು ನಯ, ಆದರೆ ಕುದುರೆಯ ವಾಸನೆ ಇರುವುದಿಲ್ಲ. “ಚೊಕ್ಕಟ ಮಾಡೋರು ಕುದುರೇನೂ ತೊಳೆದುಬಿಟ್ಟಿದ್ದಾರೆ ಕಣೇ ಪದ್ದಿ” ಎಂದು ಅವಳು ನಿಜವಾಗಿಯೂ ಬೇಸರಪಟ್ಟುಕೊಂಡಳು.

ಅವಳ ಹತ್ತಿರ ಇಲ್ಲದ್ದು ಒಂದೇ, ಕೊನೆಯ ಕಂತು; ಅವಳಿಗೆ ಸಿಕ್ಕಿದ್ದ ಡಿಸ್ಕುಗಳಲ್ಲೂ ಅದೊಂದು ಇರಲಿಲ್ಲ. ಅದು ಊರಿನಲ್ಲಿ ಯಾರ ಹತ್ತಿರವೂ ಇರಲಿಲ್ಲ, ಯಾರೂ ನೋಡಿರಲಿಲ್ಲ. ಅದರ ಹಿಂದಿನ ಕಂತಿನಲ್ಲಿ ಮೂರು ಕುದುರೆಯ ಊರಿನವರೆಲ್ಲ ಸೇರಿ ಡೆನ್ಬಿಗೆ ಊರು ಬಿಡಲು ಹೇಳುತ್ತಾರೆ. ಅವನು ಒಬ್ಬನೇ ಬೀದಿಯ ನಡುವೆ ನಿಂತಿರುತ್ತಾನೆ, ಎರಡೂ ಕಡೆಯ ಬಾಗಿಲುಗಳು ಒಂದೊಂದಾಗಿ ಮುಚ್ಚಿಕೊಳ್ಳುತ್ತವೆ, ಎದುರಿನ ತುದಿಯಲ್ಲಿ ನಾಲ್ಕು ಜನ ಕುದುರೆಯಿಂದ ಇಳಿಯುತ್ತಾರೆ. ಮುಂದಿನ ಭಾನುವಾರ ಊರೆಲ್ಲ ಟಿವಿ ಹಾಕಿಕೊಂಡು ಕೂತಿತ್ತು. ಯಾರೋ ದೊಡ್ಡ ನಾಯಕರು ತೀರಿಕೊಂಡಿದ್ದರಿಂದ ದಿನವಿಡೀ ಶಹನಾಯಿ ನುಡಿಸಿ, ಉರಿಯುವ ಒಂದು ದೀಪದ ಚಿತ್ರ ತೋರಿಸಿದರು. ಅವತ್ತು ಎಲ್ಲರ ಮನೆಯ ಚಪ್ಪಡಿಯ ಮೇಲೂ ಬಿದ್ದದ್ದು ಒಂದಿಷ್ಟು ದೀಪದ ಮಸಿ. ಹೆಂಗಸರು ಅದನ್ನು ಕಣ್ಣುಕಪ್ಪಿಗೆ ಎತ್ತಿಟ್ಟುಕೊಂಡರು. ಅದರ ಮುಂದಿನ ವಾರ ಆ ಹೊತ್ತಿಗೆ ಕೃಷಿ ಕಾರ್ಯಕ್ರಮ ಶುರುವಾಯಿತು. ಕೊನೆಯ ಕಂತು ಬರಲೇ ಇಲ್ಲ.

ಅಲ್ಲಿಂದ ಊರಿನಲ್ಲಿ ಎರಡು ಪಕ್ಷಗಳಾದವು, ಡೆನ್ಬಿ ಸತ್ತ ಎನ್ನುವವರದು ಒಂದು, ಬದುಕಿದ ಎನ್ನುವವರದು ಒಂದು. ನಾನು ಕೆಲಸ ಮಾಡುವ ಸಂಜೆ ಪತ್ರಿಕೆಗೆ ಈ ವಿಷಯದ ಮೇಲೆ ಪತ್ರಗಳು ಈಗಲೂ ಬರುತ್ತವೆ. ಆಧಾರವಿಲ್ಲದ ಕಾರಣ ನಾವು ಯಾವುದನ್ನೂ ಹಾಕುವುದಿಲ್ಲ. ಹಾಲಮ್ಮ ಸತ್ತ ಪಕ್ಷ. ನಮ್ಮ ವಾರ್ಡಿನ ಪುರಸಭಾ ಸದಸ್ಯ ನೀಲಕಂಠಪ್ಪ ಬದುಕಿದ ಪಕ್ಷ, ಅದೂ ಕಟ್ಟಾ. ಹುಡುಗನಾಗಿದ್ದಾಗ ಅವರು ಬೇಕೆಂದೇ ಕುಂಟಿಕೊಂಡು ಶಾಲೆಗೆ ಹೋಗುತ್ತಿದ್ದುದನ್ನು ನಾನೇ ನೋಡಿದ್ದೇನೆ.

ಈ ವರ್ಷ ಬಾವಿಗಳು ಬೇಗ ಬತ್ತಿದವು. ಹಾಡುಗಳನ್ನು ಎಷ್ಟು ಸಲ ಹಾಕಿದರೂ ಸಂಪುಗಳು ತುಂಬಲಿಲ್ಲ. ಬಂದ ನೀರೂ ಕದಡಿರುತ್ತಿತ್ತು. ಒಂದು ಮಧ್ಯಾಹ್ನ ಹಾಲಮ್ಮ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಅಂಗಡಿಯ ಮೆಟ್ಟಿಲ ಮೇಲೆ ಬಂದು ನಿಂತಳು. ನಾನೂ ಅಲ್ಲೇ ಇದ್ದೆ.

“ಅಂಬಕ್ಕಾ, ಇವತ್ತು ನಮ್ಮನೆ ಅನ್ನದಲ್ಲಿ ಗುಂಡಿ ಸಿಕ್ತು. ನಮ್ಮೆಜಮಾನ್ರ ಹಲ್ಲು ಮುರೀತಿತ್ತು.”

“ಬೂದುದ್ದಾ, ಕಂದುದ್ದಾ?”

“ಏನು?”

“ಗುಂಡಿ ಕಣ್ರೀ. ಬೂದು ಬಣ್ಣದ್ದಾ, ಕಂದು ಬಣ್ಣದ್ದಾ? ನಾಲ್ಕು ತೂತಿದೆಯಾ? ಎಲ್ಲಿ, ತಂದಿದ್ದೀರಾ?”

“ನಿಮಗೆ ನಾಚಿಕೆ ಅನ್ನೋದೇನಾದ್ರೂ ಇದೆಯಾ? ನೀರು ಕುಡಿಯೋ ಸಂಪಿಗೆ ಧೂಳು ಬಿಡ್ತಿದ್ದೀರಲ್ಲ!”

“ನನ್ನ ಮೋರಿಗೆ ಮೂರು ಪದರ ಬಟ್ಟೆ ಕಟ್ಟಿದ್ದೀನಿ. ಆದ್ರೂ ಬಟ್ಟೆ ಸರಿದಾಗ ಸಂದಿಯಿಂದ ಹೋಗುತ್ತೆ, ಇಲ್ಲ ಅನ್ನೋದಿಲ್ಲ. ಇನ್ನೊಂದು ಪದರ ಕಟ್ತೀನಿ. ನಿಮ್ಮ ಯಜಮಾನ್ರ ಹಲ್ಲು ಹೇಗಿದೆ?”

“ಹಲ್ಲು ನೆಟ್ಟಗಿದೆ. ಬಾಯೇ ನೆಟ್ಟಗಿಲ್ಲ, ಬೆಳಗಿಂದ ಬಯ್ತಾ ಕೂತಿದ್ದಾರೆ.” ಹಾಲಮ್ಮ ಗುಂಡಿಯನ್ನು ಕಟ್ಟೆಯ ಮೇಲೆ ಕುಕ್ಕಿ ಹೋದಳು. ಅಂಬಕ್ಕ ಅದನ್ನು ಬೆಳಕಿಗೆ ಹಿಡಿದು ನೋಡಿ, “ಎರಡನೇ ವರ್ಷದ್ದು” ಎಂದಳು.

ಹಾಲಮ್ಮ ಒಬ್ಬಳೇ ಅಲ್ಲ, ದೂರು ಕೊಟ್ಟವರು ಬಹಳ ಜನ. ದೂರು ಸುಳ್ಳೂ ಅಲ್ಲ. ಪುರಸಭೆ ಸಭೆ ಸೇರಿ ತೀರ್ಮಾನ ಮಾಡಿತು, ಮೈಕು ಕಟ್ಟಿದ ಆಟೋದಲ್ಲಿ ಅದನ್ನು ಬೀದಿ ಬೀದಿಯಲ್ಲಿ ಸಾರಿದರು. ನೀರು ಕೊಡದ ಚಿತ್ರಗಳಲ್ಲಿ ಧೂಳು, ಮರಳು, ಹೊಗೆ ಬೀಳಿಸುವಂಥವನ್ನು ಸೋಮವಾರದೊಳಗೆ ಪುರಸಭೆಗೆ ಒಪ್ಪಿಸಬೇಕು. ಕ್ಯಾಸೆಟ್ಟುಗಳನ್ನು ಅಳಿಸಿ ಅವುಗಳ ಮೇಲೆ ಮಳೆ ತುಂಬಿಸಲಾಗುವುದು. ಡಿಸ್ಕುಗಳನ್ನು ಅಳಿಸಲು ಆಗದ ಕಾರಣ ಹಕ್ಕಿ ಓಡಿಸಲು ಹೊಲಗಳಲ್ಲಿ ಕಟ್ಟಲಾಗುವುದು. ಒಪ್ಪಿಸದವರ ಮನೆಗೆ ಸಂಪಿನಿಂದ ಬರುವ ನಲ್ಲಿ ಬಂದ್. ಸೋಮವಾರದ ನಂತರ ಅಂಥ ಚಿತ್ರ ನೋಡಿದವರ ನಲ್ಲಿಯೂ ಬಂದ್. ಮಾರನೆಯ ದಿನದ ಪತ್ರಿಕೆಯಲ್ಲಿ ಈ ಸುದ್ದಿ ಬರೆದದ್ದು ನಾನೇ. ಅದರಲ್ಲಿ ಒಂದು ತಪ್ಪೂ ಇರಲಿಲ್ಲ ಎಂದು ಅಂಬಕ್ಕ ಹೇಳಿದಳು, ಅಷ್ಟೇ ಹೇಳಿದಳು.

ಮರಳುಗಾಡಿನ ಚಿತ್ರಗಳು, ಯುದ್ಧದ ಚಿತ್ರಗಳು, ಮೋಟಾರು ರೇಸಿನ ಕ್ಯಾಸೆಟ್ಟುಗಳು ಮೂಟೆಗಟ್ಟಲೆ ಪುರಸಭೆಗೆ ಬಂದವು. ಅಂಬಕ್ಕನ ಬೀರುವಿನಿಂದ ಒಂದೂ ಹೋಗಲಿಲ್ಲ. ಗುರುವಾರ ನೀಲಕಂಠಪ್ಪನವರೇ ಅಂಗಡಿಗೆ ಬಂದರು. ಬಿಳಿ ಪಂಚೆ, ಬಿಳಿ ಅಂಗಿ, ಹೆಗಲ ಮೇಲೆ ಬಿಳಿ ಟವೆಲ್ಲು. ಬೀರುವಿನ ಕಡೆ ನೋಡಬಾರದೆಂದುಕೊಂಡು ಬಂದವರ ಹಾಗೆ ಛಾವಣಿ ನೋಡುತ್ತ ಕೂತರು.

“ಅಂಬಕ್ಕಾ, ನಾನು ಜಗಳಕ್ಕೆ ಬಂದಿಲ್ಲ.”

“ಹಾಗಾದ್ರೆ ಕಾಫಿ ಕುಡೀರಿ ಮೆಂಬರ್ರೇ. ಧೂಳು ಸೋಸಿ ಮಾಡಿದ್ದೀನಿ.”

“ನೀವೇ ಯೋಚನೆ ಮಾಡಿ. ಇಷ್ಟು ವರ್ಷದಲ್ಲಿ ಆ ಸೀರಿಯಲ್ಲಿಂದ ಊರಿಗೆ ಒಂದು ಲೋಟ ನೀರು ಬಂದಿದೆಯಾ?”

“ಬಂದಿಲ್ಲ. ನಿಮ್ಮಿಂದಲೂ ಬಂದಿಲ್ಲ. ನಿಮ್ಮನ್ನ ಹೊಲದಲ್ಲಿ ಕಟ್ಟಬೇಕು ಅಂತ ನಾನೇನಾದ್ರೂ ಹೇಳಿದ್ನಾ?”

ನೀಲಕಂಠಪ್ಪನವರು ನಕ್ಕರು. ಅವರು ಕೆಟ್ಟ ಮನುಷ್ಯರಲ್ಲ. “ಎಲ್ಲರೂ ಕೊಟ್ಟಿದ್ದಾರೆ ಅಕ್ಕಾ. ನಿಮ್ಮೊಬ್ಬರನ್ನ ಬಿಟ್ರೆ ನಾಳೆ ನನ್ನನ್ನ ಯಾರು ಕೇಳ್ತಾರೆ? ಬೀರು ಸಾಮಾನು ಬೇಕಾದ್ರೆ ಇಟ್ಕೊಳಿ. ಗುಂಡಿ, ಮೊಳೆ, ಅದೇನಿದೆಯೋ. ಚಿತ್ರಗಳನ್ನ ಕೊಟ್ಟುಬಿಡಿ.”

“ಕರು ಕೊಟ್ಟು ಹಗ್ಗ ಇಟ್ಕೊಳಿ ಅಂತೀರಾ?”

ಅವರು ಕಾಫಿ ಮುಗಿಸಿ, ಸೋಮವಾರ ಎಂದು ಇನ್ನೊಮ್ಮೆ ನೆನಪಿಸಿ ಎದ್ದರು.

ಶನಿವಾರ ಅಂಚೆಯಲ್ಲಿ ಒಂದು ಪೆಟ್ಟಿಗೆ ಬಂತು. ಕಳಿಸಿದವರು ಬೇರೆ ಊರಿನ ಡಿಸೋಜ ಮಾಸ್ತರು ಎಂಬವರು, ಅವರಿಗೂ ಇದೇ ಹುಚ್ಚು. ಇಬ್ಬರೂ ಮುಖ ನೋಡಿದವರಲ್ಲ, ವರ್ಷಗಳಿಂದ ಅಂಚೆಯಲ್ಲೇ ಕೊಟ್ಟು ತೆಗೆದುಕೊಂಡವರು. ಡೆನ್ಬಿ ಮೂರನೆಯ ವರ್ಷದಲ್ಲಿ ಹಾಕಿಕೊಂಡಿದ್ದ ಕಂದು ಚರ್ಮದ ಕೈಗವಸು, ಎಡಗೈಯದು, ಅಂಬಕ್ಕನ ಬೀರುವಿನ ಮಧ್ಯದ ಹಲಗೆಯ ಮೇಲೆ ಇತ್ತು. ಅವಳ ದುಪ್ಪಟಿಯ ಮೇಲೆ ಅದಕ್ಕಿಂತ ದೊಡ್ಡ ವಸ್ತು ಬಿದ್ದಿರಲಿಲ್ಲ. ಕಳೆದ ತಿಂಗಳು ಅದನ್ನು ಅವಳು ಮಾಸ್ತರಿಗೆ ಕಳಿಸಿಕೊಟ್ಟಿದ್ದಳು. ಅದು ಎಲ್ಲಿ ಸಿಕ್ಕಿತೆಂದು ಮಾಸ್ತರು ಕೇಳಿರಲಿಲ್ಲ. ಸಂಗ್ರಹಕಾರರು ಅದನ್ನು ಕೇಳುವುದಿಲ್ಲವಂತೆ. ಬದಲಿಗೆ ಬಂದ ಪೆಟ್ಟಿಗೆಯಲ್ಲಿ ಇಡೀ ಸೀರಿಯಲ್ಲಿನ ಡಿಸ್ಕುಗಳಿದ್ದವು, ಕೊನೆಯದರ ಮೇಲೆ ಕೊನೆಯ ಕಂತು.

ಅಂಬಕ್ಕ ಡಿಸ್ಕನ್ನು ಹೊರಗೆ ತೆಗೆದು, ಎರಡೂ ಬದಿ ನೋಡಿ, ಮತ್ತೆ ಒಳಗಿಟ್ಟಳು. ನಾನು ಬಾಗಿಲು ಹಾಕಿ ಬಂದೆ. “ಹಾಕು” ಎಂದೆ.

“ಇವತ್ತು ಬೇಡ.”

ಸುದ್ದಿ ಅಂಚೆಯವನಿಂದ ಹೊರಟು ಬೀದಿ ದಾಟಿ ಸಂಜೆಯೊಳಗೆ ಪುರಸಭೆ ಮುಟ್ಟಿತು. ಭಾನುವಾರ ಬೆಳಿಗ್ಗೆ ನೀಲಕಂಠಪ್ಪನವರು ಮತ್ತೆ ಬಂದರು. ಈ ಸಲ ಅವರ ಮುಖ ಬೇರೆಯೇ ಇತ್ತು.

“ಬಂತಂತೆ?”

“ಬಂತು.”

“ಕೊನೇದು?”

“ಕೊನೇದೇ.”

ಅವರು ಬೆಂಚಿನ ಮೇಲೆ ಕೂತರು. “ನೋಡಿ ಅಕ್ಕಾ, ನಾಳೆ ಸಂಜೆವರೆಗೆ ಸಮಯ ಇದೆ. ಅಷ್ಟರೊಳಗೆ ನೋಡ್ಕೊಳಿ. ಯಾರೂ ಕೇಳೋದಿಲ್ಲ. ಬೇಕಾದ್ರೆ ಎರಡು ಸಲ ನೋಡಿ. ನೋಡಿ ಆಮೇಲೆ ಎಲ್ಲ ಒಟ್ಟಿಗೆ ಕೊಡಿ. ನನ್ನ ಕಡೆಯಿಂದ ಇಷ್ಟು ಮಾಡಬಹುದು.” ತಡೆದು ಕೇಳಿದರು: “ನೋಡುವಾಗ ಹೇಳಿ ಕಳಿಸಿದ್ರೆ ನಾನೂ ಬರ್ತಿದ್ದೆ.”

“ಬೇಡ.”

“ಬೇಡ ಅಂದ್ರೆ?”

“ನಾಳೆಯೊಳಗೆ ನೋಡಿಬಿಟ್ರೆ ನಿಮ್ಮ ಮಾತಿಗೆ ಒಪ್ಪಿದ ಹಾಗಾಗುತ್ತೆ. ನೋಡಿದ್ಲು, ಮುಗೀತು, ಕೊಟ್ಲು ಅಂತ. ನನಗೆ ಮುಗಿಸೋದು ಬೇಡ. ಇಟ್ಕೊಳೋದು ಬೇಕು. ಮಂಗಳವಾರ ನೋಡ್ತೀನಿ.”

“ಮಂಗಳವಾರ ನೋಡಿದ್ರೆ ತಪ್ಪಾಗುತ್ತೆ!”

“ಅದಕ್ಕೇ ಮಂಗಳವಾರ.”

ಅವರು ಹೋದ ಮೇಲೆ ನಾನು ಅವಳಿಗೆ ಬುದ್ಧಿ ಹೇಳಲು ನೋಡಿದೆ. ಹಾಡಿನ ನೀರು ಬೀದಿಯದು, ಒಬ್ಬರೇ ಹಿಡಿದಿಟ್ಟುಕೊಳ್ಳುವ ಹಾಗಿಲ್ಲ, ನಲ್ಲಿ ನಿಂತರೆ ಊರಾಚೆಯ ಸವಳು ಬಾವಿಯೇ ಗತಿ. ಅಲ್ಲಿಂದ ಕೊಡ ಹೊರುವ ವಯಸ್ಸು ಅವಳದಲ್ಲ, ಮೊಣಕಾಲು ನೋವು ಬೇರೆ. ಮೋರಿಯ ಬಟ್ಟೆಯಲ್ಲಿ ಅವಳ ಧೂಳು ನಿಲ್ಲುತ್ತಿಲ್ಲ ಎಂಬುದೂ ನಿಜ. ಇದನ್ನೆಲ್ಲ ಒಂದೊಂದಾಗಿ ಹೇಳಿದೆ.

“ನೀನು ಹೇಳಿದ್ದು ಎಲ್ಲ ಸರಿ” ಎಂದಳು. “ಮೋರಿ ಮುಚ್ಚಲಿ ಅಂತ ನಾನೇ ಹೇಳ್ತಿದ್ದೆ, ಕೇಳಿದ್ರೆ. ಧೂಳು ನನ್ನ ಕೋಣೇಲೇ ಬಿದ್ದಿರಲಿ, ಬಾಚಿ ಹಿತ್ತಲಿಗೆ ಹಾಕ್ತೀನಿ. ಅವರು ಮೋರಿ ಕೇಳಲಿಲ್ಲ ಕಣೇ, ಡಿಸ್ಕು ಕೇಳಿದ್ರು. ನೀರು ಕೊಡದೇ ಇರೋದೆಲ್ಲ ಅಳಿಸಬೇಕು ಅಂದ್ರೆ ಯಾವುದು ಉಳಿಯುತ್ತೆ ಹೇಳು? ನಾಳೆ ನಿನ್ನ ಪತ್ರಿಕೆ ಹಿಂಡಿ ನೋಡ್ತಾರೆ.”

“ಹಿಂಡಿದ್ರೆ ಮಸಿ ಬರುತ್ತೆ.”

“ಹಾಗಾದ್ರೆ ನೀನೂ ಹುಷಾರಾಗಿರು” ಎಂದು ನಕ್ಕು ಜರಡಿ ತೊಳೆಯಲು ಹೋದಳು.

ಸೋಮವಾರ ಸಂಜೆ ನೀರುಗಂಟಿ ತಿಮ್ಮಣ್ಣ ಬಂದು ನಲ್ಲಿಯ ಚಕ್ರ ತಿರುಗಿಸಿ ಬೀಗ ಹಾಕಿದ. ಜೊತೆಗೆ ಮೋರಿಗೂ ಸಿಮೆಂಟು ಮೆತ್ತಿದ. “ತಪ್ಪು ತಿಳೀಬೇಡ್ರವ್ವಾ, ಹೇಳಿದ್ ಮಾಡ್ಬೇಕಲ್ಲ” ಎಂದ. ಮೋರಿಗೆ ಮೆತ್ತಿದ್ದು ಅಂಬಕ್ಕನಿಗೆ ಖುಷಿಯೇ ಆಯಿತು. ಸಿಮೆಂಟು ಒಂದು ಮೂಲೆಯಲ್ಲಿ ಬಿರುಕು ಬಿಟ್ಟಿದೆ ಎಂದು ತೋರಿಸಿ, ಇನ್ನೊಂದು ಸಲ ಮೆತ್ತಿಸಿದಳು.

ಮಂಗಳವಾರ ಬೆಳಿಗ್ಗೆ ತಿಂಡಿಯ ಹೊತ್ತು ಮುಗಿದ ಮೇಲೆ ಅವಳು ಅಂಗಡಿಯ ಎರಡೂ ಬಾಗಿಲು ಪೂರ್ತಿ ತೆರೆದು, ಟಿವಿಯನ್ನು ಬೀದಿಗೆ ಮುಖ ಮಾಡಿ ಮೇಜಿನ ಮೇಲೆ ಇಡಿಸಿದಳು. ಕ್ಯಾಸೆಟ್ಟುಗಳ ದರ ಬರೆಯುವ ಕರಿಹಲಗೆಯನ್ನು ಒರೆಸಿ ‘ಇಂದು ಕೊನೆಯ ಕಂತು’ ಎಂದು ಬರೆದು ಹೊರಗೆ ನಿಲ್ಲಿಸಿದಳು. ಟಿವಿಯ ಕೆಳಗೆ ಎಂದಿನ ದುಪ್ಪಟಿ ಹಾಸಿದಳು.

ಮೊದಲು ಯಾರೂ ಬರಲಿಲ್ಲ. ಎದುರಿನ ಟೀ ಅಂಗಡಿಯ ಮುಂದೆ ಮಾತ್ರ ಎಂದೂ ಇಲ್ಲದಷ್ಟು ಜನ ನಿಂತು ಟೀ ಕುಡಿಯುತ್ತಿದ್ದರು. ಖಾಲಿಯಾದ ಲೋಟವನ್ನು ಕೆಳಗಿಡದೆ ಹಿಡಿದುಕೊಂಡಿದ್ದರು. ಅಂಬಕ್ಕ ಡಿಸ್ಕು ಹಾಕಿದಳು. ಶೀರ್ಷಿಕೆಯ ಸಂಗೀತ ಶುರುವಾದದ್ದೇ ಹಾಲಮ್ಮ ಟೀ ಅಂಗಡಿಯ ಕಡೆಯಿಂದ ಬೀದಿ ದಾಟಿ ಬಂದಳು.

“ನಾನು ಆ ಗುಂಡಿ ವಿಚಾರ ಮಾತಾಡೋಕೆ ಬಂದೆ” ಎಂದಳು ಗಟ್ಟಿಯಾಗಿ, ಬೀದಿಗೆ ಕೇಳುವ ಹಾಗೆ. ಮುಂದಿನ ಬೆಂಚಿನ ಮೇಲೆ ಕೂತಳು. ಗುಂಡಿಯ ವಿಚಾರ ಎತ್ತಲಿಲ್ಲ.

ಆಮೇಲೆ ಒಬ್ಬೊಬ್ಬರಾಗಿ ಬಂದರು. ಬೆಂಚು ತುಂಬಿತು, ನೆಲ ತುಂಬಿತು, ಮೆಟ್ಟಿಲು ತುಂಬಿತು. ಟೀ ಅಂಗಡಿಯವನು ಒಲೆ ಆರಿಸಿ ಬಂದ. ನೋಡಿದವರ ನಲ್ಲಿಯೂ ನಿಲ್ಲುತ್ತದೆ ಎಂಬುದು ಅವರಲ್ಲಿ ಯಾರಿಗೂ ಗೊತ್ತಿಲ್ಲದ ವಿಷಯವಲ್ಲ. ನೀಲಕಂಠಪ್ಪನವರು ತಿಮ್ಮಣ್ಣನನ್ನು ಕರೆದುಕೊಂಡು ಬಂದಾಗ ಡೆನ್ಬಿ ಬೀದಿಯ ನಡುವೆ ನಿಂತಿದ್ದ, ಬಾಗಿಲುಗಳು ಮುಚ್ಚಿಕೊಳ್ಳುತ್ತಿದ್ದವು.

ಸದಸ್ಯರು ಬಾಗಿಲಿನವರೆಗೆ ಬಂದು ಗಕ್ಕನೆ ನಿಂತರು. ತಲೆ ಎತ್ತಿದರೆ ಪರದೆ ಎದುರಿಗೇ. ನೋಡುವುದೂ ತಪ್ಪು ಎಂದು ಸಭೆಯಲ್ಲಿ ಪಟ್ಟು ಹಿಡಿದು ಸೇರಿಸಿದವರು ಅವರೇ. ಅವರು ಥಟ್ಟನೆ ತಿರುಗಿ, ಬೆನ್ನು ಒಳಗೆ, ಮುಖ ಬೀದಿಗೆ ಮಾಡಿ ಹೊಸ್ತಿಲ ಮೇಲೆ ನಿಂತರು. “ನಿಲ್ಲಿಸಿ ಅಂಬಕ್ಕಾ” ಎಂದು ಖಾಲಿ ಬೀದಿಗೆ ಹೇಳಿದರು.

“ಮುಗೀಲಿ.”

“ತಿಮ್ಮಣ್ಣಾ, ಒಳಗೆ ಹೋಗಿ ನಿಲ್ಲಿಸಯ್ಯಾ.”

ತಿಮ್ಮಣ್ಣ ಒಳಗೆ ಹೋದ. ಹೋದವನು ಕಂಬಕ್ಕೆ ಒರಗಿ ನಿಂತುಬಿಟ್ಟ.

ಪರದೆಯ ಮೇಲೆ ಗುಂಡಿನ ಸದ್ದು ಕೇಳಿತು. ಸದಸ್ಯರ ಹೆಗಲು ಜಗ್ಗನೆ ಮೇಲೆದ್ದಿತು. “ಯಾರು ಹೊಡೆದದ್ದು?” ಎಂದರು, ತಿರುಗದೆ.

“ಸುಮ್ನಿರಿ ಮೆಂಬರ್ರೇ, ಮಾತು ಕೇಳಿಸ್ತಿಲ್ಲ” ಎಂದಳು ಹಾಲಮ್ಮ.

ಕೊನೆಯ ಕಂತು ಎಂಥದ್ದು ಎಂಬುದನ್ನು ಇದ್ದದ್ದು ಇದ್ದ ಹಾಗೆ ಹೇಳಬೇಕು. ಅದು ಚೆನ್ನಾಗಿರಲಿಲ್ಲ. ಆ ಗುಂಡಿನ ಸದ್ದಿನ ನಂತರ ಡೆನ್ಬಿ ಒಂದು ನೀರಿನ ತೊಟ್ಟಿಯ ಹಿಂದೆ ಅಡಗಿ ಕೂತು ಹಳೆಯದನ್ನು ನೆನಪಿಸಿಕೊಳ್ಳಲು ಶುರುಮಾಡಿದ. ಮಾಡಿದವರ ಹತ್ತಿರ ಹೊಸದಾಗಿ ಚಿತ್ರಿಸಲು ಏನೂ ಉಳಿದಿರಲಿಲ್ಲವೆಂದು ಕಾಣುತ್ತದೆ. ಹಿಂದಿನ ಕಂತುಗಳ ತುಣುಕುಗಳನ್ನೇ ಒಂದರ ಹಿಂದೆ ಒಂದು ಜೋಡಿಸಿದ್ದರು. ಸಾರೋಟು ಉರುಳಿದ್ದು, ದನದ ಹಿಂಡು ಬೆದರಿ ಓಡಿದ್ದು, ಹೋಟೆಲಿಗೆ ಬೆಂಕಿ ಬಿದ್ದದ್ದು, ಇಸ್ಪೀಟಿನ ಜಗಳ, ಬಯಲಿನ ಬಿರುಗಾಳಿ. ಕಪ್ಪು ಬಿಳುಪಿನವೂ ಬಣ್ಣದವೂ ಬೆರೆತು ಬಂದವು.

ಅಂಬಕ್ಕ ಹಾಸಿದ್ದು ಒಂದು ಕಂತಿನ ದುಪ್ಪಟಿ. ಬಿದ್ದದ್ದು ಅಷ್ಟೂ ವರ್ಷಗಳ ಧೂಳು.

ಮೊದಲು ಟಿವಿಯ ಕೆಳಗೆ ರಾಶಿಯಾಯಿತು, ಆಮೇಲೆ ಮೇಜಿನಿಂದ ಉಕ್ಕಿ ಮುಂದಿನ ಸಾಲಿನವರ ಕಾಲಿಗೆ ಬಂತು, ಆಮೇಲೆ ಇಡೀ ಅಂಗಡಿಯಲ್ಲಿ ಎದ್ದಿತು. ಬೂದು ಮತ್ತು ಕಂದು ಎರಡೂ ಒಟ್ಟಿಗೆ. ಇಸ್ಪೀಟಿನ ಎಲೆಗಳು ಜನರ ತಲೆಯ ಮೇಲೆ ಉದುರಿದವು, ತೋಟಾಗಳು ಬೆಂಚಿನ ಮೇಲೆ ಟಣ್ಣೆಂದು ಬಿದ್ದವು, ಒಣಹುಲ್ಲು ಹಾಲಮ್ಮನ ತುರುಬಿಗೆ ಸಿಕ್ಕಿಕೊಂಡಿತು. ಕೆಮ್ಮು ಶುರುವಾಯಿತು. ಸೆರಗನ್ನೋ ಟವೆಲ್ಲನ್ನೋ ಮೂಗಿಗೆ ಹಿಡಿದುಕೊಂಡರು. ಪರದೆ ಸರಿಯಾಗಿ ಕಾಣುತ್ತಿರಲಿಲ್ಲ. ಯಾರೂ ಎದ್ದು ಹೋಗಲಿಲ್ಲ. “ಇದು ನಾನು ಏಳನೇ ಕ್ಲಾಸಲ್ಲಿದ್ದಾಗ ಬಂದಿತ್ತು” ಎಂದು ಧೂಳಿನೊಳಗಿಂದ ಯಾರೋ ಕೂಗಿದರು. “ಆ ಕುದುರೆ ನೋಡ್ರೋ, ಆ ಕುದುರೆ!” ಎಂದರು ಇನ್ನೊಬ್ಬರು. ಅಂಬಕ್ಕ ಜರಡಿ ಹಿಡಿಯಲಿಲ್ಲ, ಬಿದ್ದದ್ದನ್ನು ಹೆಕ್ಕಲಿಲ್ಲ. ಮೊಣಕಾಲಿನವರೆಗೆ ಧೂಳಿನಲ್ಲಿ ನಿಂತು ಪರದೆಯನ್ನೇ ನೋಡುತ್ತಿದ್ದಳು.

ಕೊನೆಗೆ ಡೆನ್ಬಿ ತೊಟ್ಟಿಯ ಹಿಂದಿನಿಂದ ಎದ್ದು ಬೀದಿಗೆ ಬಂದ. ಅವನು ಮುಂದೆ ಏನು ಮಾಡಿದ ಎಂಬುದನ್ನು ಅಲ್ಲಿದ್ದ ಅಷ್ಟೂ ಜನ ನೋಡಿದೆವು. ಸತ್ತ ಪಕ್ಷ, ಬದುಕಿದ ಪಕ್ಷ ಎರಡೂ ಅಂದುಕೊಂಡದ್ದು ಅದಲ್ಲ. ಪರದೆ ಕಪ್ಪಾಯಿತು.

“ಇಷ್ಟೇನಾ?” ಎಂದಳು ಹಾಲಮ್ಮ.

“ಇಷ್ಟೇ” ಎಂದಳು ಅಂಬಕ್ಕ.

“ಇದಕ್ಕಾ ನೀವು ಆ ಕೈಗವಸು ಕೊಟ್ಟಿದ್ದು?”

“ಹೂಂ.”

“ನೀರೂ ಬಿಟ್ರಿ.”

“ಚೆನ್ನಾಗಿಲ್ಲ ಅಂತ ಕೊಟ್ಟುಬಿಡೋಕಾಗುತ್ತೇನ್ರೀ? ನಮ್ಮದು ನಮ್ಮದೇ.”

ಹೊಸ್ತಿಲ ಮೇಲಿನಿಂದ ನೀಲಕಂಠಪ್ಪನವರ ದನಿ ಬಂತು. ಸಣ್ಣ ದನಿ. “ಸತ್ನಾ? ಬದುಕಿದ್ನಾ? ಯಾರಾದ್ರೂ ಹೇಳ್ರಪ್ಪಾ.”

ಯಾರೂ ಹೇಳಲಿಲ್ಲ. ಅವರ ಪಕ್ಷದವರೇ ಐದಾರು ಜನ ಅಲ್ಲಿದ್ದರು, ಅವರೂ ಹೇಳಲಿಲ್ಲ.

“ತಿರುಗಿ ನೋಡಿದ್ರೆ ಗೊತ್ತಾಗ್ತಿತ್ತು” ಎಂದಳು ಅಂಬಕ್ಕ.

ಅವರು ಗಂಟಲು ಸರಿಮಾಡಿಕೊಂಡು ಮತ್ತೆ ಸದಸ್ಯರಾದರು. “ತಿಮ್ಮಣ್ಣಾ, ಆ ಪೆಟ್ಟಿಗೆ ತಗೊಂಡು ಬಾ.”

“ಕಣ್ಣಿಗೆ ಧೂಳು ಬಿದ್ದದೆ ಸಾ. ಯಾವ ಪೆಟ್ಟಿಗೆ, ಎಲ್ಲದೆ, ಒಂದೂ ಕಾಣಾಕಿಲ್ಲ” ಎಂದ ತಿಮ್ಮಣ್ಣ. ಅವನ ಕಣ್ಣುಗಳು ಅಗಲವಾಗಿ ತೆರೆದೇ ಇದ್ದವು.

“ಹಾಗಾದ್ರೆ ನಾನೇ ಬರ್ತೀನಿ.”

“ಬನ್ನಿ” ಎಂದು ಅಂಬಕ್ಕ ರಿಮೋಟಿನ ಗುಂಡಿ ಒತ್ತಿದಳು. ಶೀರ್ಷಿಕೆಯ ಸಂಗೀತ ಮತ್ತೆ ಶುರುವಾಯಿತು. ಸದಸ್ಯರು ಅರ್ಧ ತಿರುಗಿದವರು ಹಾಗೆಯೇ ನಿಂತು, ಮತ್ತೆ ಬೀದಿಯ ಕಡೆಗೆ ತಿರುಗಿಕೊಂಡರು. ಎದುರಿನಿಂದ ಅವರ ಅಂಗಿ, ಪಂಚೆ ಅಚ್ಚ ಬಿಳಿಯಾಗಿದ್ದವು. ಬೆನ್ನು, ತಲೆಯ ಹಿಂಭಾಗ, ಹಿಮ್ಮಡಿಯವರೆಗೂ ಬೂದು ಕಂದು ಧೂಳು ಮೆತ್ತಿತ್ತು.

“ಎಲ್ಲರೂ ಇಲ್ಲೇ ಮೈ ಕೊಡವಿಕೊಂಡು ಹೋಗಿ” ಎಂದರು. “ಮನೆಗೆ ತಗೊಂಡು ಹೋದ್ರೆ ಎಲ್ಲ ಸಂಪಿಗೂ ಹೋಗುತ್ತೆ. ಮೋರಿ ಮುಚ್ಚಿದ್ದು ಸುಮ್ನೆ ಆಗುತ್ತೆ.”

ಹಾಲಮ್ಮ ಎದ್ದಳು. ತುರುಬಿನಲ್ಲಿ ಹುಲ್ಲು ಇತ್ತು, ಸೀರೆಯ ಮಡಿಕೆಗಳಲ್ಲಿ ಧೂಳು ತುಂಬಿತ್ತು. ಸೆರಗನ್ನು ಕೊಡವಲು ಎತ್ತಿದವಳು ಒಂದು ಕ್ಷಣ ನಿಂತು, ಹಾಗೆಯೇ ಹೆಗಲಿಗೆ ಹಾಕಿಕೊಂಡು ಸದಸ್ಯರ ಪಕ್ಕದಿಂದ ಹಾದು ಮನೆಯ ಕಡೆ ನಡೆದಳು. ಅವಳ ಹಿಂದೆ ಟೀ ಅಂಗಡಿಯವನು ಹೋದ. ಆಮೇಲೆ ಉಳಿದವರು ಒಬ್ಬೊಬ್ಬರಾಗಿ ಹೊರಟರು. ಯಾರೂ ಮೈ ಕೊಡವಲಿಲ್ಲ. ನಾನೂ ಹಾಗೆಯೇ ಪತ್ರಿಕೆಯ ಕಚೇರಿಗೆ ಹೋಗಿ ಕೂತು ಕೆಲಸ ಮಾಡಿದೆ.

ನೋಡಿದವರೆಲ್ಲರ ನಲ್ಲಿ ನಿಲ್ಲಿಸಬೇಕೆಂದರೆ ಎರಡು ಬೀದಿಗಳನ್ನು ಪೂರ್ತಿ ಬಂದ್ ಮಾಡಬೇಕಾಗಿತ್ತು. ಯಾರ್ಯಾರು ನೋಡಿದರು ಎಂದು ಪುರಸಭೆಯ ಸಭೆಯಲ್ಲಿ ಕೇಳಿದಾಗ ನೀಲಕಂಠಪ್ಪನವರು ತಾವು ಬೀದಿಯ ಕಡೆ ನೋಡುತ್ತಿದ್ದುದರಿಂದ ಹೇಳಲಾಗುವುದಿಲ್ಲ ಎಂದರು. ಅದು ನಿಜವೇ. ಹೀಗಾಗಿ ನೋಡಿದವರಲ್ಲಿ ಯಾರ ನಲ್ಲಿಯೂ ಬಂದ್ ಆಗಲಿಲ್ಲ. ಅಂಬಕ್ಕನ ನಲ್ಲಿಯ ಬೀಗ ಮಾತ್ರ ಇನ್ನೂ ತೆಗೆದಿಲ್ಲ. ಅವಳು ದಿನಾ ಸವಳು ಬಾವಿಯಿಂದ ನೀರು ತರುತ್ತಾಳೆ, ದಾರಿಯಲ್ಲಿ ಎರಡು ಕಡೆ ಕೊಡ ಇಳಿಸಿ ಕೂರುತ್ತಾಳೆ, ಯಾರಾದರೂ ಹೊರಲು ಬಂದರೆ ಕೊಡುವುದಿಲ್ಲ. ಪೆಟ್ಟಿಗೆ ಬೀರುವಿನ ಮಧ್ಯದ ಹಲಗೆಯ ಮೇಲೆ, ಬೀದಿಗೆ ಕಾಣುವ ಹಾಗೆ ಇದೆ. ಡೆನ್ಬಿಗೆ ಏನಾಯಿತು ಎಂದು ನೀಲಕಂಠಪ್ಪನವರು ಊರಿನಲ್ಲಿ ಬಹಳ ಜನರನ್ನು ಕೇಳಿದ್ದಾರೆ. ಇದುವರೆಗೆ ಯಾರೂ ಹೇಳಿಲ್ಲ.